ರಾಜಿಯ ಸಾರು

ಸಿಂಪಿಯ ಕಾಲ ಶುರುವಾದ ದಿನ ಮಲ್ಸುನ್ ದೊಡ್ಡಮ್ಮ ರಬ್ಬರಿನ ಏಪ್ರನ್ ಕಟ್ಟಿಕೊಂಡು, ತಲೆಗೆ ಹೂವಿನ ವಸ್ತ್ರ ಬಿಗಿದು, ತನ್ನ ಚೂರಿಯನ್ನು ಬಟ್ಟೆಯಲ್ಲಿ ಸುತ್ತಿ ಜೇಬಿಗಿಟ್ಟುಕೊಂಡು ಸಿಂಪಿ ಬಿಡಿಸುವ ಶೆಡ್ಡಿಗೆ ಹೋದಳು. ಸೂರ್ಯ ಇನ್ನೂ ದ್ವೀಪಗಳ ಹಿಂದೆ ಮುಖ ತೊಳೆಯುತ್ತಿದ್ದ. ಅವನು ಮೇಲೆ ಬರುವ ಮೊದಲೇ ದೊಡ್ಡಮ್ಮ ವಾಪಸು ಬಂದಳು. ಏಪ್ರನ್ನಿನ ಮೇಲೆ ಒಂದು ಹನಿ ಉಪ್ಪುನೀರೂ ಬಿದ್ದಿರಲಿಲ್ಲ.

ಅಂಗಳದಲ್ಲಿ ಮೂಲಂಗಿ ಸೊಪ್ಪನ್ನು ಹಗ್ಗಕ್ಕೆ ನೇತುಹಾಕುತ್ತಿದ್ದ ಅಜ್ಜಿ ತಲೆಯೆತ್ತಿ, "ಏನೇ, ಚೂರಿ ಮರೆತ್ಯಾ?" ಎಂದಳು.

"ಚೂರಿ ಇದೆ ಅಮ್ಮ. ಜಾಗ ಇಲ್ಲ."

ಜಾಗ ಎಂದರೆ ಏನೆಂದು ನಮ್ಮ ಕೊಲ್ಲಿಯವರಿಗೆ ಬಿಡಿಸಿ ಹೇಳಬೇಕಾಗಿಲ್ಲ. ಶೆಡ್ಡಿನೊಳಗೆ ಉದ್ದನೆಯ ಕಬ್ಬಿಣದ ಮೇಜುಗಳು, ಮೇಜಿನ ನಡುವೆ ಸಿಂಪಿಯ ಗುಡ್ಡ, ಎರಡು ಕಡೆಯೂ ಹೆಂಗಸರು. ಯಾರು ಎಲ್ಲಿ ನಿಲ್ಲಬೇಕೆಂದು ಯಾರೂ ಯಾವತ್ತೂ ಹೇಳಿದ್ದಿಲ್ಲ. ಆದರೂ ಪ್ರತಿಯೊಬ್ಬಳ ಕಾಲಡಿಯ ಸಿಮೆಂಟು ಅವಳ ಪಾದದ ಅಳತೆಗೇ ಸವೆದಿರುತ್ತದೆ. ದೊಡ್ಡಮ್ಮನದು ಎರಡನೆಯ ಕಿಟಕಿಯ ಜಾಗ. ಚಳಿಗಾಲದಲ್ಲಿ ಬೆಳಕು ಮೊದಲು ಬೀಳುವುದು ಅಲ್ಲೇ. ನಾನು ಚಿಕ್ಕವಳಿದ್ದಾಗ ಅವಳು ಚಿಪ್ಪುಗಳನ್ನು ಬಿಡಿಸುವುದನ್ನು ನೋಡುತ್ತ, ಒಂದಲ್ಲ ಒಂದರೊಳಗೆ ಹೆಬ್ಬೆರಳಿನಷ್ಟು ಎತ್ತರದ ರಾಜಕುಮಾರಿ ಮಲಗಿರುತ್ತಾಳೆ ಎಂದು ಕಾದು ಕೂತಿರುತ್ತಿದ್ದೆ.

ಆ ಜಾಗದಲ್ಲಿ ಈಗ ಪಕ್ಕದ ಊರಿನ ಹೆಂಗಸೊಬ್ಬಳು ನಿಂತಿದ್ದಳಂತೆ. ಯಜಮಾನ ಓಕ್ ಗಿತೇ ದೊಡ್ಡಮ್ಮನನ್ನು ಬಾಗಿಲಲ್ಲೇ ತಡೆದು, "ಅಕ್ಕ, ಇದೇನು, ಯಾಕೆ ಬಂದೆ?" ಎಂದು ಕೇಳಿದನಂತೆ. ಕೆಲಸಕ್ಕೆ ಎಂದಳಂತೆ. ನಾವು ರಾಜಿಯಾದೆವಲ್ಲ ಎಂದನಂತೆ ಅವನು. ಅದಕ್ಕೇ ಬಂದೆ ಎಂದಳಂತೆ ಇವಳು. ಅವನು ತಲೆ ಕೆರೆದುಕೊಂಡು, ರಾಜಿಯಾದರೆ ಕೇಸು ಮುಗಿಯಿತು, ಕೇಸಿನ ಜೊತೆಗೆ ಕೆಲಸವೂ ಮುಗಿಯಿತು, ಕಾಗದದಲ್ಲಿ ಹಾಗೇ ಇದೆ ಎಂದನಂತೆ. ಒಳಗೆ ಅಷ್ಟೊಂದು ಹೆಂಗಸರಿದ್ದರೂ ಯಾರ ಚೂರಿಯೂ ನಿಲ್ಲಲಿಲ್ಲ. ಬಿಡಿಸಿದ ತೂಕಕ್ಕೆ ತಾನೇ ಅವರ ಕೂಲಿ.

ನಮ್ಮ ಓಣಿಯಲ್ಲಿ ರಾಜಿಗೆ ಒಂದೇ ಅರ್ಥ. ಬಲೆಗೋ, ತೇಲುಬುರುಡೆಗೋ, ಮೊಮ್ಮಕ್ಕಳ ಜಗಳಕ್ಕೋ ಇಬ್ಬರು ಮಾತು ಬಿಟ್ಟರೆ, ಓಣಿಯ ಹಿರಿಯರೊಬ್ಬರು ಇಬ್ಬರನ್ನೂ ಕೂರಿಸಿ ಒಂದೇ ಪಾತ್ರೆಯಿಂದ ಸೊಪ್ಪಿನ ಸಾರು ಬಡಿಸುತ್ತಾರೆ. ಯಾರು ಮೊದಲು ಶುರುಮಾಡಿದ್ದು ಎಂಬ ಮಾತು ಅಲ್ಲಿ ಏಳಬಾರದು. ಸಾರು ಮುಗಿದ ಮೇಲೆ, ಮಾರನೆಯ ಬೆಳಿಗ್ಗೆ ಇಬ್ಬರೂ ಒಂದೇ ದೋಣಿ ಹತ್ತಬೇಕು. ಹತ್ತದಿದ್ದರೆ ಅದು ರಾಜಿಯಲ್ಲ, ಬರೀ ಊಟ. ಕಚೇರಿಯವರು ಈ ಮಾತನ್ನು ನಮ್ಮಿಂದಲೇ ಎತ್ತಿಕೊಂಡು ಹೋಗಿ, ಒಳಗಿನ ತಿರುಳು ತೆಗೆದು, ಚಿಪ್ಪನ್ನು ಮಾತ್ರ ನಮ್ಮ ಮುಂದೆ ಇಟ್ಟಿದ್ದಾರೆ. ಇದನ್ನು ನೆನೆದಾಗಲೆಲ್ಲ ನನಗೆ ಇವತ್ತಿಗೂ ಮೈ ಉರಿಯುತ್ತದೆ.

ಜಗಳ ಹುಟ್ಟಿದ್ದು ಹಿಂದಿನ ವಸಂತದಲ್ಲಿ. ದೊಡ್ಡಮ್ಮನ ಚೂರಿ ಜಾರಿ ಎಡಗೈ ಹೆಬ್ಬೆರಳಿನ ಬುಡಕ್ಕೆ ಇಳಿದಿತ್ತು. ಗಿತೇ ತನ್ನ ಕಾರಿನಲ್ಲೇ ಆಸ್ಪತ್ರೆಗೆ ಕರೆದುಕೊಂಡು ಹೋದ, ನಿಜ. ದಾರಿಯಲ್ಲಿ ಮಾತ್ರ, ಮನೆಯಲ್ಲಿ ಮೂಲಂಗಿ ಹೆಚ್ಚುವಾಗ ಆಯಿತು ಎಂದು ಹೇಳು ಅಕ್ಕ ಎಂದು ಹೇಳಿಕೊಟ್ಟ. ಕೆಲಸದಲ್ಲಿ ಆದ ಗಾಯ ಎಂದರೆ ಶೆಡ್ಡಿಗೆ ತನಿಖೆ ಬರುತ್ತದೆ. ಅದಕ್ಕೇ ಎಲ್ಲ ಶೆಡ್ಡುಗಳಲ್ಲೂ ಗಾಯಗಳೆಲ್ಲ ಮೂಲಂಗಿಯವು. ಡಾಕ್ಟರು ಗಾಯದೊಳಗಿಂದ ಚಿಪ್ಪಿನ ಚಕ್ಕೆಯೊಂದನ್ನು ಇಕ್ಕಳದಲ್ಲಿ ಹಿಡಿದೆತ್ತಿ, ಇದು ಯಾವ ಜಾತಿಯ ಮೂಲಂಗಿ ಎಂದು ಕೇಳಿದರಂತೆ. ದೊಡ್ಡಮ್ಮನಿಗೆ ನಗು ಬಂತು. ನಗುತ್ತ ನಗುತ್ತ ನಿಜ ಹೇಳಿಬಿಟ್ಟಳು. ಹೊಲಿಗೆ ಬಿಚ್ಚುವ ಮೊದಲೇ ಅವಳ ಕೆಲಸ ಹೋಯಿತು.

ಕಾರಣವಿಲ್ಲದೆ ತೆಗೆದುಹಾಕಿದ್ದಾನೆಂದು ನಗರದ ಕಾರ್ಮಿಕ ಮಂಡಳಿಗೆ ದೂರು ಕೊಟ್ಟೆವು. ಕಾರ್ಮಿಕರ ನೆರವು ಕೇಂದ್ರದ ಸಲಹೆಗಾರ ತಾಕ್, ಸದಾ ನಿದ್ದೆಗೆಟ್ಟವನಂತೆ ಕಾಣುವ ತೆಳ್ಳಗಿನ ಯುವಕ, ಎಲ್ಲ ಬರೆದುಕೊಟ್ಟ. ವಿಚಾರಣೆಯ ದಿನ ನಾನೂ ಜೊತೆಗೆ ಹೋದೆ. ಎತ್ತರದ ಮೇಜಿನ ಹಿಂದೆ ಮೂವರು ಕೂತಿದ್ದರು. ನಡುವಿನ ಬೆಳ್ಳಿಕೂದಲಿನವರು ಬಹಳ ಮೃದು ಮಾತಿನವರು. ಗಡಿಯಾರ ನೋಡುವುದೂ ಮೃದುವಾಗಿಯೇ. ಇಷ್ಟು ಹಳೆಯ ಸಂಬಂಧವನ್ನು ಕಾಗದದ ಮೇಲೆ ಯಾಕೆ ಹರಿದುಕೊಳ್ಳುತ್ತೀರಿ, ಇಬ್ಬರೂ ರಾಜಿಯಾಗಿಬಿಡಿ ಎಂದರು. ಪಕ್ಕದ ಸಣ್ಣ ಕೋಣೆ ತೋರಿಸಿ, ಸಲಹೆಗಾರರು ವಕೀಲರು ಎಲ್ಲ ಹೊರಗಿರಲಿ, ಇವರಿಬ್ಬರೇ ಮನಸ್ಸು ಬಿಚ್ಚಿ ಮಾತಾಡಲಿ ಎಂದರು. ತಾಕ್ ಏನೋ ಹೇಳಲು ಎದ್ದ. ಅವರು ಅಂಗೈ ತೋರಿಸಿ ಕೂರಿಸಿದರು.

ಆ ಕೋಣೆಯಲ್ಲಿ ನಡೆದದ್ದನ್ನು ದೊಡ್ಡಮ್ಮ ನನಗೆ ಎಷ್ಟೋ ಸಲ ಹೇಳಿದ್ದಾಳೆ. ಗಿತೇ ಅವಳ ಗಾಯದ ಕೈಯನ್ನೇ ಹಿಡಿದುಕೊಂಡು, "ಅಕ್ಕ, ನನ್ನಿಂದ ತಪ್ಪಾಯ್ತು" ಎಂದ. ಅವನ ಅಪ್ಪನ ಕಾಲದಲ್ಲಿ ಇವನು ಮೂಗು ಸುರಿಸಿಕೊಂಡು ಮೇಜಿನ ಕೆಳಗೆ ಆಡುತ್ತಿದ್ದವನು. ಚಿಪ್ಪು ಬಿಡಿಸುವುದನ್ನು ಅವನಿಗೆ ಕಲಿಸಿದವಳು ಇವಳೇ. ಅವಳ ಕಣ್ಣು ತುಂಬಿತು. ಗುಮಾಸ್ತನೊಬ್ಬ ಬಂದು ಕಾಗದ ಓದಿದ. ಉಭಯ ಪಕ್ಷಗಳ ನಡುವಿನ ಸಮಸ್ತ ವಿವಾದಗಳೂ ಸಂಬಂಧಗಳೂ ಈ ದಿನಕ್ಕೆ ಮುಕ್ತಾಯಗೊಂಡಿವೆ ಎಂದೇನೋ ಇತ್ತು. ಜಗಳ ಮುಗಿಯಿತು ಎಂದು ದೊಡ್ಡಮ್ಮನಿಗೆ ಕೇಳಿಸಿತು. ಒಂದು ಮೊತ್ತ ಕೊಡುವ ಮಾತಿತ್ತು, ಅದು ಕೈಯ ಔಷಧಿಗೆ ಎಂದುಕೊಂಡಳು. ಸಹಿಯ ಬದಲು ತನ್ನ ಹೆಸರಿನ ಮೊಹರು ಒತ್ತಿದಳು. ಹೊರಗೆ ತಾಕ್ ಕಾಗದ ನೋಡಿ, ಇದು ನಿಮಗೆ ಪೂರ್ತಿ ಒಪ್ಪಿಗೆಯೇ ಎಂದು ಕೇಳಿದಾಗ, ಮದುಮಗಳಂತೆ ನಾಚಿ ನಕ್ಕು, ಒಪ್ಪಿಗೆ ಎಂದಳು. ಸಾಕಾಗಿ ಕೆಲಸದ ಆಸೆ ಬಿಟ್ಟಿದ್ದಾರೆ ಎಂದುಕೊಂಡ ಅವನು.

ಅಲ್ಲಿಂದ ಗಿತೇ ನಮ್ಮಿಬ್ಬರನ್ನೂ ಊಟಕ್ಕೆ ಕರೆದುಕೊಂಡು ಹೋದ. ಇದನ್ನು ಯಾರೋ ಹೇಳಿದ್ದಲ್ಲ, ನಾನೇ ಕಂಡದ್ದು. ಊರಿಗೆ ಮರಳಿ ಬಂದರಿನ ಪಕ್ಕದ ಹಳೆಯ ಅಂಗಡಿಯಲ್ಲಿ ಕೂತೆವು. ಅವನು ಒಂದೇ ಪಾತ್ರೆ ಸೊಪ್ಪಿನ ಸಾರು ತರಿಸಿದ. ಅವಳ ಬಟ್ಟಲಿನ ಸಾರಿಗೆ ತಾನೇ ಅನ್ನ ಕಲಸಿದ. "ಬೇಗ ಕೈ ಸರಿ ಮಾಡ್ಕೊ ಅಕ್ಕ, ಸಿಂಪಿ ಕಾಲ ಬಂದೇಬಿಡ್ತು" ಎಂದ. ನಮ್ಮ ಓಣಿಯಲ್ಲೇ ಬೆಳೆದವನು. ಒಂದೇ ಪಾತ್ರೆಯ ಸಾರು ಕುಡಿದ ಹೆಂಗಸು ಬೆಳಿಗ್ಗೆ ಎಲ್ಲಿಗೆ ಹೋಗುತ್ತಾಳೆಂದು ಅವನಿಗೆ ಗೊತ್ತಿರಲಿಲ್ಲವೇ? ಗುಮಾಸ್ತನಿಗೆ ಗೊತ್ತಿರಲಿಕ್ಕಿಲ್ಲ, ಬೆಳ್ಳಿಕೂದಲಿಗೂ ಗೊತ್ತಿರಲಿಕ್ಕಿಲ್ಲ. ಇವನಿಗೆ ಗೊತ್ತಿತ್ತು.

ಶೆಡ್ಡಿನ ಬಾಗಿಲಿಂದ ವಾಪಸು ಬಂದ ಆ ದಿನವೇ ತಾಕ್‌ನ ಕೇಂದ್ರಕ್ಕೆ ಓಡಿದೆವು. ಕಥೆಯೆಲ್ಲ ಕೇಳಿ ಅವನು ಮುಖ ಮುಚ್ಚಿಕೊಂಡ. ಆಮೇಲೆ ನೀರು ಕುಡಿದು ಹೇಳಿದ:

"ಇನ್ನೂ ಗಡುವು ಮುಗಿದಿಲ್ಲಮ್ಮ. ಮೇಲಿನ ಮಂಡಳಿಗೆ ಮನವಿ ಹಾಕೋಣ."

"ಅವರು ಯಾರು?"

"ಇವರಿಗಿಂತ ಮೇಲಿನವರು."

"ಇವರ ಅಣ್ಣ ಅನ್ನು. ತಮ್ಮ ಹಾಕಿದ ಗಂಟನ್ನ ಅಣ್ಣ ಬಿಚ್ತಾನಾ? ಅದರ ಮೇಲೊಂದು ಗಂಟು ಹಾಕ್ತಾನೆ."

ಅವನು ಸುಳ್ಳು ಹೇಳುವ ಜಾತಿಯವನಲ್ಲ. ಮೇಲಿನ ಮಂಡಳಿಯವರೂ ರಾಜಿಯಾದ ಮೇಲೆ ಮನವಿ ಎಲ್ಲಿಂದ ಬಂತು ಎನ್ನಬಹುದು ಎಂದು ಒಪ್ಪಿಕೊಂಡ. ಆದರೆ ನೇರ ಕೋರ್ಟಿಗೆ ಹೋದರೆ, ಆ ಮಂಡಳಿಗೆ ಯಾಕೆ ಹೋಗಲಿಲ್ಲ ಎಂಬುದೇ ಮೊದಲ ಪ್ರಶ್ನೆಯಾಗುತ್ತದೆ ಎಂದ.

"ಅಂದ್ರೆ, ತೆರೆಯೋದೇ ಇಲ್ಲ ಅಂತ ಗೊತ್ತಿರೋ ಬಾಗಿಲನ್ನ ಮೊದ್ಲು ತಟ್ಟಿ ಬರ್ಬೇಕು?"

"ಹೂಂ ಅಮ್ಮ."

"ತಟ್ಟಿ ತಟ್ಟಿ ಇನ್ನೊಂದು ಕೈಯೂ ಹೋಗ್ಲಿ ಅಂತ."

ತಾಕ್ ಎಷ್ಟು ಹೇಳಿದರೂ ಅವಳು ಬಗ್ಗಲಿಲ್ಲ, ನೇರ ಕೋರ್ಟಿಗೇ ಹೋದಳು. ಮಂಡಳಿಯವರಿಗೆ ಊಟದ ಹೊತ್ತಿನ ಅವಸರ, ನ್ಯಾಯಾಧೀಶರಿಗೆ ಅವಸರವಿರುವುದಿಲ್ಲ ಎಂಬುದು ಅವಳ ನಂಬಿಕೆ. ಕರಿಯ ನಿಲುವಂಗಿ ತೊಟ್ಟವರೊಬ್ಬರ ಮುಂದೆ ನಿಂತು, ರಾಜಿ ಎಂದರೆ ಏನು ಎಂದು ಒಂದೇ ಒಂದು ಸಲ ಕೇಳಬೇಕಿತ್ತು ಅವಳಿಗೆ. ಕೇಳಿದರೆ ಎರಡನೆಯ ಕಿಟಕಿಯ ಜಾಗ ತಾನಾಗಿ ವಾಪಸು ಬರುತ್ತದೆ ಎಂದುಕೊಂಡಿದ್ದಳು. ಅರ್ಜಿ ತಗೊಂಡ ಕೋರ್ಟಿನ ಕಿಟಕಿಯವನು ಠಸ್ಸೆ ಹೊಡೆದು ಶುಲ್ಕ ತಗೊಂಡ. ಅಮ್ಮಾ, ಇದು ಇಲ್ಲಿ ನಡೆಯುವುದಿಲ್ಲ ಎನ್ನಲಿಲ್ಲ. ಅದು ಅವನ ಕೆಲಸವಲ್ಲವಂತೆ. ಹಾಗಾದರೆ ಯಾರ ಕೆಲಸ?

ಆ ರಾತ್ರಿ ಊಟ ಮಾಡುತ್ತ ಅಜ್ಜಿ ನಮಗೊಂದು ಏಡಿಯ ಕಥೆ ಹೇಳಿದಳು. ಏಡಿಯೊಂದು ಆಕ್ಟೋಪಸ್ಸಿನ ಮರಿಯನ್ನು ಕದ್ದು ಬಿಲದೊಳಗೆ ಸೇರಿಕೊಂಡಿತಂತೆ. ತಾಯಿ ಬಂದು ಒಂದು ತೂತಿನಲ್ಲಿ ಕೂಗಿದರೆ, ಇದು ನೀರು ಬರುವ ಬಾಗಿಲು, ದೂರು ಆ ಬಾಗಿಲಲ್ಲಿ ಎನ್ನುತ್ತಿತ್ತಂತೆ. ಆ ಬಾಗಿಲಿಗೆ ಹೋದರೆ, ಇದು ಮರಳು ಹೋಗುವ ಬಾಗಿಲು, ನೀನು ಮೊದಲು ಮೇಲಿನ ಬಾಗಿಲಿಗೆ ಹೋಗಬೇಕಿತ್ತು ಎನ್ನುತ್ತಿತ್ತಂತೆ. ತಾಯಿ ಮೇಲಿನ ಬಾಗಿಲಿಗೆ ಹೋಗುವಷ್ಟರಲ್ಲಿ ಸಮುದ್ರ ಇಳಿದುಹೋಗಿತ್ತಂತೆ.

"ಮರಿ ಏನಾಯ್ತಜ್ಜಿ?" ಎಂದೆ. ಈ ವಯಸ್ಸಿನಲ್ಲೂ ನಾನು ಕಥೆಯ ಮರಿಗಳಿಗೆ ಮರುಗುವವಳು.

"ಏಡಿಗೆ ಹಸಿವಾಗಲ್ವಾ ಕೂಸೇ?" ಎಂದು ಅಜ್ಜಿ ಬಟ್ಟಲು ತೊಳೆಯಲು ಎದ್ದಳು.

ಚಳಿಗಾಲ ಹೋಯಿತು. ಬೇರೆ ಶೆಡ್ಡುಗಳಲ್ಲೂ ದೊಡ್ಡಮ್ಮನಿಗೆ ಕೆಲಸ ಸಿಗಲಿಲ್ಲ. ಕೋರ್ಟಿಗೆ ಹೋದವಳು ಎಂದು ಎಲ್ಲರಿಗೂ ಗೊತ್ತಾಗಿತ್ತು. ಕೈ ಚುರುಕು, ಬಾಯಿಯೂ ಚುರುಕು ಎಂದು ಒಬ್ಬ ಯಜಮಾನ ಮುಖದ ಮೇಲೇ ಹೇಳಿದ. ಮನೆಯಲ್ಲಿ ಕೂತು ಹೋಟೆಲಿನವರಿಗೆ ಬೆಳ್ಳುಳ್ಳಿ ಸುಲಿದುಕೊಟ್ಟಳು. ಬೆಳ್ಳುಳ್ಳಿಯ ಘಾಟಿಗೆ ಕಣ್ಣಲ್ಲಿ ನೀರು ಎನ್ನುತ್ತಿದ್ದಳು. ಅವಳ ಜೊತೆ ಇಷ್ಟು ಕಾಲ ಒಂದೇ ಮೇಜಿಗೆ ನಿಂತ ಕುಮ್ಜಾ ಒಂದು ದಿನ ಬಂದು, ಆ ಹೊಸಬಳು ತಿರುಳನ್ನೇ ಸೀಳುತ್ತಾಳೆ ಮಲ್ಸುನಕ್ಕ, ನಿನ್ನ ಕಿಟಕಿ ಹತ್ರ ಬರೀ ಹರಿದ ಸಿಂಪಿ ಎಂದು ಹೇಳಿ ಸಮಾಧಾನ ಮಾಡಿ ಹೋದಳು. ಕೋರ್ಟಿಗೆ ಸಾಕ್ಷಿ ಹೇಳಲು ಬರುತ್ತೀಯಾ ಎಂದಾಗ ಮಾತ್ರ ಅವಳಿಗೆ ಸೊಂಟನೋವು ಶುರುವಾಯಿತು.

ಕೊನೆಗೂ ಕೋರ್ಟಿನ ದಿನ ಬಂತು. ನ್ಯಾಯಾಧೀಶರು ಹೆಂಗಸು. ನೆಗಡಿಯಾಗಿತ್ತು, ಕರವಸ್ತ್ರ ಕೈಯಲ್ಲೇ ಇತ್ತು. ಅದನ್ನು ನೋಡಿ ದೊಡ್ಡಮ್ಮನಿಗೆ ಧೈರ್ಯ ಬಂತು, ಮೂಗು ಸೋರುವವರು ನಮ್ಮವರೇ ಎನ್ನುವಂತೆ. ಗಿತೇ ಬಂದಿರಲಿಲ್ಲ, ಅವನ ವಕೀಲ ಬಂದಿದ್ದ. ಎಣ್ಣೆ ಹಚ್ಚಿದ ಮಾತುಗಾರ. ಮೊದಲು ಅವನು ಈ ವಿವಾದ ರಾಜಿಯಲ್ಲಿ ಇತ್ಯರ್ಥವಾಗಿದೆ, ಇತ್ಯರ್ಥವಾದದ್ದನ್ನು ಯಾರೂ ಎಲ್ಲಿಯೂ ಮತ್ತೆ ತೆರೆಯುವಂತಿಲ್ಲ ಎಂದು ವಿವರಿಸಿದ. ಇವರು ಹಣ ಪಡೆದಿದ್ದಾರೆ ಎಂದ. ಆಮೇಲೆ ಊಟದ ಮಾತು ತೆಗೆದ. ರಾಜಿಯ ನಂತರ ಇವರು ನನ್ನ ಕಕ್ಷಿದಾರರ ಜೊತೆ ಒಂದೇ ಪಾತ್ರೆಯ ಸಾರು ಹಂಚಿಕೊಂಡು ಸಂತೋಷವಾಗಿ ಊಟ ಮಾಡಿದ್ದಾರೆ, ಸ್ವಇಚ್ಛೆಗೆ ಇದಕ್ಕಿಂತ ಬೇರೆ ಸಾಕ್ಷಿ ಬೇಕೇ ಎಂದ. ಯಾವ ಸಾರು ಅವಳಿಗೆ ಕೆಲಸದ ಮಾತು ಕೊಟ್ಟಿತ್ತೋ ಅದೇ ಸಾರು ಅವಳ ಕೆಲಸ ಹೋದದ್ದಕ್ಕೆ ಸಾಕ್ಷಿಯಾಗಿ ಬಂದು ಕೂತಿತು.

ಅಷ್ಟಕ್ಕೇ ಅವನು ನಿಲ್ಲಿಸಲಿಲ್ಲ. ಒಂದು ವೇಳೆ ಇವರಿಗೆ ತಕರಾರು ಇದ್ದರೂ, ಅದಕ್ಕೆ ಮೇಲಿನ ಮಂಡಳಿಯ ದಾರಿ ಇತ್ತು, ಆ ದಾರಿ ಬಿಟ್ಟು ಇಲ್ಲಿಗೆ ಬಂದಿದ್ದಾರೆ, ಆದ್ದರಿಂದ ಈ ನ್ಯಾಯಾಲಯ ಇದನ್ನು ಮುಟ್ಟುವಂತಿಲ್ಲ ಎಂದು ಹೇಳಿ ಕೂತ.

ನ್ಯಾಯಾಧೀಶರು ನೀವೇನಾದರೂ ಹೇಳುವುದಿದೆಯೇ ಎಂದು ದೊಡ್ಡಮ್ಮನನ್ನು ಕೇಳಿದರು. ರಾಜಿ ಎಂದರೇನು ಎಂದು ಕೇಳಲು ತಿಂಗಳುಗಟ್ಟಲೆ ಕಾದಿದ್ದವಳು ಅದನ್ನು ಕೇಳಲೇ ಇಲ್ಲ. ವಕೀಲನ ಕಡೆ ತಿರುಗಿ ನಿಂತಳು.

"ಅಲ್ಲಪ್ಪಾ, ಎರಡರಲ್ಲಿ ಯಾವುದು ನಿನ್ನ ಮಾತು? ತೆರೆಯೋ ಹಾಗೇ ಇಲ್ಲ ಅಂದ್ರೆ ಬಾಗಿಲು ಎಲ್ಲಿಂದ ಬಂತು? ಬಾಗಿಲು ಇತ್ತು ಅಂದ್ರೆ ಅದು ಮುಗಿದಿರಲಿಲ್ಲ ಅಂತ ತಾನೇ? ಒಂದೇ ಬಾಯಲ್ಲಿ ಸತ್ತೋಗಿದೆ ಅಂತೀಯ, ಅದೇ ಬಾಯಲ್ಲಿ ಬೇರೆ ಆಸ್ಪತ್ರೆಗೆ ಕರ್ಕೊಂಡು ಹೋಗ್ಬೇಕಿತ್ತು ಅಂತೀಯ."

ಹಿಂದಿನ ಬೆಂಚಿನಲ್ಲಿ ಯಾರೋ ನಕ್ಕರು. ವಕೀಲ ಕಾಗದಗಳನ್ನು ಜೋಡಿಸಿಕೊಂಡ. ನ್ಯಾಯಾಧೀಶರು ನಗಲಿಲ್ಲ. ಕರವಸ್ತ್ರವನ್ನು ಮಡಚಿ, ಮತ್ತೆ ಮಡಚಿ, ಹೇಳಿದರು:

"ನೀವು ಹೇಳೋದು ನನಗೆ ಅರ್ಥ ಆಗುತ್ತಮ್ಮ. ಆದರೆ ಅದನ್ನ ವಿಚಾರಿಸೋ ಅಧಿಕಾರ, ನೀವು ಮೇಲಿನ ಮಂಡಳಿಯಿಂದ ಬಂದಿದ್ರೆ ಮಾತ್ರ ನನಗೆ ಇರ್ತಿತ್ತು."

"ಈಗ ಅಲ್ಲಿಗೆ ಹೋಗಿ ಬರ್ಲಾ?"

ಅದರ ಗಡುವು ಮುಗಿದಿದೆ ಎಂದು ಅವರು ಹೇಳಬೇಕಾಯಿತು. ಹೇಳುವಾಗ ಅವರು ಮುಖ ತಗ್ಗಿಸಿದರು ಎಂದು ನನಗೆ ಅನಿಸಿತು. ಕೆಲವು ವಾರ ಬಿಟ್ಟು ಬಂದ ತೀರ್ಪಿನಲ್ಲೂ ಅಷ್ಟೇ ಇತ್ತು: ಅರ್ಜಿ ವಿಚಾರಣೆಗೆ ಅರ್ಹವಲ್ಲ. ಮಲ್ಸುನ್ ಸರಿ ಎಂದಿರಲಿಲ್ಲ, ಮಲ್ಸುನ್ ತಪ್ಪು ಎಂದೂ ಇರಲಿಲ್ಲ. ಸೋತೆ ಎಂದು ಹೇಳಿದ್ದರೆ ಅದರಲ್ಲಾದರೂ ಒಂದು ಮರ್ಯಾದೆ ಇತ್ತು. ಇವರು ಅವಳ ಮಾತನ್ನು ಚಿಪ್ಪು ಸಮೇತ ಹಾಗೇ ಪಕ್ಕಕ್ಕೆ ಸರಿಸಿಟ್ಟಿದ್ದರು, ಯಾರೂ ಚೂರಿ ತಾಗಿಸದೆ. ಗಡುವಿನ ಬಗ್ಗೆ ಎಚ್ಚರ ಹೇಳಿದ್ದ ತಾಕ್ ಆ ದಿನ ನಮ್ಮ ಮನೆಗೆ ಬಂದವನು, ನಾನು ಹೇಳಿರಲಿಲ್ಲವೇ ಎನ್ನಲಿಲ್ಲ. ಒಂದು ರಾಶಿ ಬೆಳ್ಳುಳ್ಳಿ ಸುಲಿದು ಹೋದ.

ಮತ್ತೆ ಸಿಂಪಿಯ ಕಾಲ ಬಂತು. ಅಷ್ಟರಲ್ಲಿ ದೊಡ್ಡಮ್ಮನಿಗೆ ಬಂದರಿನ ಆಚೆ ತುದಿಯಲ್ಲಿ, ಒಣಮೀನು ಆರಿಸುವ ಅಂಗಳದಲ್ಲಿ ಕೆಲಸ ಸಿಕ್ಕಿತ್ತು. ನೆಲದ ಮೇಲೆ ಕುಕ್ಕರುಗಾಲಲ್ಲಿ ಕೂತು ಮಾಡುವ ಕೆಲಸ. ಹೊಸಬರಿಗೆ ಕೊಡುವ ಜಾಗ, ಬಾಗಿಲ ಬಳಿ, ಗಾಳಿ ಹೊಡೆಯುವಲ್ಲಿ.

ಕಾಲದ ಮೊದಲ ದಿನ ಶೆಡ್ಡಿನವರು ಕಟ್ಟೆಯ ಮೇಲೆ ಸಮುದ್ರಕ್ಕೆ ಪೂಜೆ ಇಡುತ್ತಾರೆ. ಹಂದಿಯ ತಲೆ, ಅಕ್ಕಿಕಡುಬು, ಅಕ್ಕಿಯ ಬಿಳಿ ಮದ್ಯ, ಊರೆಲ್ಲ ಅಲ್ಲೇ. ಆಚೆ ತುದಿಗೆ ಹೋಗಲು ಬೇರೆ ದಾರಿಯಿಲ್ಲ. ನಾನೂ ದೊಡ್ಡಮ್ಮನೂ ಅಂಚಿನಲ್ಲಿ ಸರಿದು ಹೋಗುತ್ತಿದ್ದೆವು. ಗಿತೇ ನಮ್ಮನ್ನು ನೋಡಿದ. ಮುಖ ಕೆಂಪಗಾಗಿತ್ತು, ಖುಷಿಯಲ್ಲಿದ್ದ. ಬಟ್ಟಲು ಹಿಡಿದು ಎಲ್ಲರೂ ನೋಡುವಂತೆ ನಡೆದು ಬಂದ. ಸಗಟು ವ್ಯಾಪಾರಿಗಳು, ದೋಣಿಯವರು, ಶೆಡ್ಡಿನ ಹೆಂಗಸರು ಎಲ್ಲ ಇದ್ದರು, ಕುಮ್ಜಾ ಕೂಡ.

"ಬಾ ಅಕ್ಕ, ಒಂದು ಗುಟುಕು ಕುಡಿ. ಕೋರ್ಟು ಕಚೇರಿ ಎಲ್ಲ ಮುಗೀತಲ್ಲ. ಏನೇ ಅಂದ್ರೂ ನಾವು ರಾಜಿಯಾದೋರು."

ಅವಳು ಬೈಯುತ್ತಾಳೆ ಎಂದುಕೊಂಡೆ. ಬೈದರೆ ಅವನಿಗೆ ಲಾಭವೇ ಎಂದೂ ಅನಿಸಿತು. ಅಕ್ಕ ಬೈದಳು, ತಮ್ಮ ಸಹಿಸಿದ, ಊರು ನಕ್ಕಿತು, ಮುಗಿಯಿತು. ದೊಡ್ಡಮ್ಮ ಬುತ್ತಿಯ ಚೀಲವನ್ನು ಕೆಳಗಿಟ್ಟಳು. ಎರಡೂ ಕೈ ಜೋಡಿಸಿಕೊಂಡು, ಬ್ಯಾಂಕಿನವರ ಮುಂದೆ ಬಗ್ಗುವ ಹಾಗೆ ಸೊಂಟದಿಂದ ಬಗ್ಗಿದಳು.

"ಓಕ್ ಯಜಮಾನರೇ, ಕಾಲ ಚೆನ್ನಾಗಿ ಆಗಲಿ. ಕಾಗದದ ರಾಜಿಯನ್ನ ಯಾರೂ ತೆರೆಯೋ ಹಾಗಿಲ್ಲ ಅಂತ ಹೇಳಿದ್ದಾರೆ. ಅದು ನಿಮ್ಮ ಹತ್ರಾನೇ ಇರ್ಲಿ. ಸಾರಿನ ರಾಜಿ ನನ್ನದು, ಅದನ್ನ ನಾನು ವಾಪಸು ತಗೊಂಡಿದೀನಿ."

ಮೇಜಿನ ಕೆಳಗಿಂದ ಹಿಡಿದೆತ್ತಿ ಮೂಗು ಒರೆಸಿದ ದಿನದಿಂದ ಅವಳು ಅವನಿಗೆ ನೀವು ಎಂದಿದ್ದೇ ಇಲ್ಲ. ಕೆಲಸದಿಂದ ತೆಗೆದ ದಿನವೂ ಕತ್ತೆ ಎಂದಿದ್ದಳು, ಗಿತೇ ಎಂದಿದ್ದಳು. ಅವನ ಮುಖದ ಕೆಂಪು ಕಿವಿಯ ತನಕ ಹೋಗಿ ಅಲ್ಲಿಂದ ಇಳಿದುಹೋಯಿತು. ಬಟ್ಟಲಿನ ಮದ್ಯ ಅವನ ಬೂಟಿನ ಮೇಲೆ ಚೆಲ್ಲುತ್ತಿದ್ದುದು ಅವನಿಗೆ ಗೊತ್ತಾಗಲಿಲ್ಲ.

"ಇದೇನಕ್ಕ, ನನಗೆ ನೀವು ಅಂತೀಯಲ್ಲ? ಬೈಯಿ ಬೇಕಾದ್ರೆ. ಹೊಡಿ."

"ನಿಮ್ಮನ್ನ ಬೈಯೋಷ್ಟು ಪರಿಚಯ ನನಗಿಲ್ಲ."

ಪೂಜೆಯ ತಮಟೆಯವನು ಕೋಲು ಹಿಡಿದುಕೊಂಡು ಸುಮ್ಮನೆ ನಿಂತಿದ್ದ. ಗಿತೇ ಸುತ್ತ ನೋಡಿದ. ಓಣಿಯ ಹಿರಿಯರೊಬ್ಬರ ಕಡೆ ನೋಡಿದ, ನೀವಾದರೂ ಒಂದು ಮಾತು ಹೇಳಿ ಎನ್ನುವ ಹಾಗೆ. ಅವರು ಅಕ್ಕಿಕಡುಬಿನ ತಟ್ಟೆಯನ್ನು ಸರಿಪಡಿಸುತ್ತ ಬೇರೆ ಕಡೆ ತಿರುಗಿಕೊಂಡರು. ಸಾರು ಬಡಿಸುವವರು ಅವರೇ. ಯಾರು ಕೇಳಿದರೂ ಇವನಿಗೆ ಇನ್ನೊಮ್ಮೆ ಬಡಿಸುವುದಿಲ್ಲ ಎಂದು ಆ ಬೆನ್ನು ನೋಡಿದವರಿಗೆಲ್ಲ ಗೊತ್ತಾಯಿತು.

ಅವನು ಇನ್ನೂ ನಮ್ಮ ದಾರಿಗೆ ಅಡ್ಡ ನಿಂತೇ ಇದ್ದ, ದೊಡ್ಡ ಮೈಯ, ನರೆಗೂದಲಿನ ಹುಡುಗನ ಹಾಗೆ.

"ಅಕ್ಕ, ಹಾಗಾದ್ರೆ ನಾನೀಗ ಏನು ಮಾಡ್ಬೇಕು, ಯಾರನ್ನ ಕೇಳ್ಬೇಕು, ಅದನ್ನಾದ್ರೂ ಹೇಳು" ಎಂದ.

ದೊಡ್ಡಮ್ಮ ಬುತ್ತಿಯ ಚೀಲ ಎತ್ತಿಕೊಂಡಳು.

"ನನಗೆ ಕೆಲಸಕ್ಕೆ ಹೊತ್ತಾಯ್ತು" ಎಂದಳು. "ದಾರಿ ಬಿಡಿ."